ಆಯ್ಕೆಪಟ್ಟಿ ಮತ್ತು ಕೋರ್ಟಿನ ಮೆಟ್ಟಿಲು

"ಪರೀಕ್ಷೆಯಲ್ಲಿ ಸೋತವರು ಕೋರ್ಟಿಗೆ ಹೋಗುತ್ತಾರೆ" ಎಂಬ ಮಾತು ತುಮಕೂರಿನ ಟೀ ಅಂಗಡಿಗಳಲ್ಲಿ ಎಷ್ಟು ಸಲೀಸೋ ವಿಧಾನಸೌಧದ ಮೊಗಸಾಲೆಯಲ್ಲೂ ಅಷ್ಟೇ ಸಲೀಸು. ನಾವು ಇದನ್ನು ಒಪ್ಪುವುದಿಲ್ಲ. ಗೆದ್ದವರೂ ಕೋರ್ಟಿಗೆ ಅಲೆಯಬೇಕಾಗಿ ಬಂದ ರಾಜ್ಯ ನಮ್ಮದು.

2011ನೇ ಸಾಲಿನ ಗೆಜೆಟೆಡ್ ಪ್ರೊಬೇಷನರಿ ನೇಮಕಾತಿಯನ್ನೇ ನೋಡಿ. ಹುದ್ದೆಗಳು 362. ಸಂದರ್ಶನದ ಅಂಕಕ್ಕೆ ಹಣ ಕೇಳಿದರೆಂಬ ದೂರು ಬಂತು, ಸಿಐಡಿ ತನಿಖೆಯಾಯಿತು, 2014ರ ಆಗಸ್ಟಿನಲ್ಲಿ ಸರ್ಕಾರ ಇಡೀ ಪಟ್ಟಿಯನ್ನೇ ಕೈಬಿಟ್ಟಿತು. 2016ರಲ್ಲಿ ಆಡಳಿತ ನ್ಯಾಯಮಂಡಳಿ, ನೇಮಕ ಮಾಡಿ ಎಂದಿತು. 2018ರಲ್ಲಿ ಹೈಕೋರ್ಟು ಆ ತೀರ್ಪನ್ನು ತಳ್ಳಿಹಾಕಿತು. ಸುಪ್ರೀಂ ಕೋರ್ಟೂ ಮಧ್ಯೆ ಬರಲಿಲ್ಲ. ಆಮೇಲೆ 2022ರಲ್ಲಿ ವಿಧಾನಮಂಡಲವೇ ಕಾಯ್ದೆ ತಂದು ಅದೇ ಪಟ್ಟಿಯನ್ನು ಸಿಂಧುಗೊಳಿಸಿತು! ಪಟ್ಟಿ ಕೊಳೆತಿದ್ದರೆ ಕಾಯ್ದೆ ಯಾಕೆ? ಚೆನ್ನಾಗಿದ್ದರೆ ಆ ಹುಡುಗ ಹುಡುಗಿಯರ ಹನ್ನೊಂದು ವರ್ಷ ತಿಂದವರು ಯಾರು? ಕಾಳು ಯಾವುದು, ಜೊಳ್ಳು ಯಾವುದು ಎಂದು ಕೇರಿ ನೋಡುವ ಕೆಲಸವನ್ನು ಮಾತ್ರ ಯಾರೂ ಮುಗಿಸಲಿಲ್ಲ.

ಪಿಎಸ್‌ಐ ಪ್ರಕರಣ ಇನ್ನೂ ಹಸಿಯಾಗಿದೆ. 545 ಹುದ್ದೆಗಳಿಗೆ 2021ರ ಅಕ್ಟೋಬರ್ 3ರಂದು ಪರೀಕ್ಷೆ ನಡೆಯಿತು. ಓಎಂಆರ್ ಹಾಳೆ ತಿದ್ದಿದ್ದು ಬಯಲಾಗಿ ನೇಮಕಾತಿ ವಿಭಾಗದ ಮುಖ್ಯಸ್ಥರಾಗಿದ್ದ ಎಡಿಜಿಪಿಯೇ ಜೈಲಿಗೆ ಹೋದರು. ಪರೀಕ್ಷೆ ರದ್ದಾಯಿತು. 2023ರ ನವೆಂಬರಿನಲ್ಲಿ ಹೈಕೋರ್ಟು ಅದನ್ನು ಎತ್ತಿಹಿಡಿಯಿತು. ಇಲ್ಲಿ ಕೋರ್ಟಿನ ಮೇಲೆ ನಮಗೆ ತಕರಾರಿಲ್ಲ. ಆದರೆ ಹೊಲ ಅಡವಿಟ್ಟು ಕೋಚಿಂಗಿಗೆ ಕಳಿಸಿದ ಕುಣಿಗಲ್ಲಿನ ಒಬ್ಬ ತಂದೆಗೆ, ಮಗ ಪ್ರಾಮಾಣಿಕವಾಗಿ ಪಾಸಾಗಿದ್ದರೂ, "ಇನ್ನೊಮ್ಮೆ ಬರೆಯಲಿ" ಎಂಬುದು ಉತ್ತರವಾಗುತ್ತದೆಯೇ?

ಇನ್ನು ಭಾಷೆ. ಉರ್ದುವಿನಲ್ಲಿ ಅಕ್ಷರ ಕಲಿತು ಕನ್ನಡದಲ್ಲಿ ಓದು ಮುಂದುವರಿಸಿದ ನಮ್ಮಂಥವರಿಗೆ, ಒಂದು ಪದ ತಪ್ಪಿದರೆ ಇಡೀ ಪ್ರಶ್ನೆಯೇ ಕೈಜಾರುವುದು ಚೆನ್ನಾಗಿ ಗೊತ್ತು. 2024ರ ಆಗಸ್ಟ್ 27ರಂದು 384 ಹುದ್ದೆಗಳಿಗೆ ನಡೆದ ಪೂರ್ವಭಾವಿ ಪರೀಕ್ಷೆಯಲ್ಲಿ ಕನ್ನಡ ಪ್ರಶ್ನೆಗಳೇ ಅರ್ಥವಾಗದ ಸ್ಥಿತಿ. ಮುಖ್ಯಮಂತ್ರಿಗಳೇ ಮರುಪರೀಕ್ಷೆ ಎಂದರು. ಡಿಸೆಂಬರ್ 29ರಂದು ಅದು ನಡೆದಾಗ ಮತ್ತದೇ ಅನುವಾದ, ಮತ್ತದೇ ತಪ್ಪು, ಮತ್ತೆ ಬೀದಿಗಿಳಿದ ಅಭ್ಯರ್ಥಿಗಳು. ಗೊಂದಲವಿದ್ದರೆ ಇಂಗ್ಲಿಷ್ ಪ್ರಶ್ನೆಯೇ ಅಂತಿಮ ಎಂಬ ನಿಯಮ ಬೇರೆ! ಕನ್ನಡ ರಾಜ್ಯದ ಆಯೋಗ, ಕನ್ನಡದಲ್ಲಿ ಓದಿದ ಗುಬ್ಬಿಯ ಹುಡುಗಿಗೆ ನಿನ್ನ ಭಾಷೆ ನಂಬಬೇಡ ಎಂದು ಹೇಳಿದಂತಾಯಿತಲ್ಲ. ಗುಬ್ಬಿ ವೀರಣ್ಣನವರ ಊರು ಅದು. ಕನ್ನಡವನ್ನು ನಾಡಿನ ಮೂಲೆಮೂಲೆಗೆ ಹೊತ್ತು ತಿರುಗಿದ ಕಂಪನಿಯ ಊರು.

ಕನ್ನಡಕ್ಕೆ ಅನುವಾದಕರನ್ನು ಹುಡುಕುವುದು ಬಿಟ್ಟು ಪ್ರಶ್ನೆಗಳನ್ನು ಕನ್ನಡದಲ್ಲೇ ಬರೆಸಲಿ. ತಪ್ಪು ಮಾಡಿದವರ ಮೇಲೆ ಏನು ಕ್ರಮವಾಯಿತೆಂದು ಆಯೋಗ ಪ್ರಕಟಿಸಲಿ. ನೇಮಕಾತಿಯ ತಕರಾರುಗಳನ್ನು ನ್ಯಾಯಮಂಡಳಿ ಮುಖ್ಯಪರೀಕ್ಷೆಗೆ ಮೊದಲೇ ಇತ್ಯರ್ಥ ಮಾಡಲಿ. ಪರೀಕ್ಷೆ ರದ್ದಾದಾಗ ಕಳೆದುಹೋದಷ್ಟು ವರ್ಷಗಳ ವಯೋಮಿತಿ ಸಡಿಲಿಕೆ ರದ್ದತಿಯ ಆದೇಶದಲ್ಲೇ ಇರಲಿ. ಅದಕ್ಕಾಗಿ ಗುಬ್ಬಿಯವರೂ ಕುಣಿಗಲ್ಲಿನವರೂ ಕೂಲಿ ಬಿಟ್ಟು ಬಸ್ಸು ಹತ್ತಿ ಫ್ರೀಡಂ ಪಾರ್ಕಿನಲ್ಲಿ ಕೂರಬೇಕಾಗಬಾರದು.