ಹೆಸರು ‘ಚೆಂದದ ಕಪ್ಪು’, ಮಾರುವುದು ಬಿಳುಪಿಗೆ

ಗಲ್ಫಿನಿಂದ ಬಂದವರ ಸೂಟ್‌ಕೇಸ್ ಬಿಚ್ಚಿದಾಗ ಖರ್ಜೂರ, ಅತ್ತರು, ಚಾಕೊಲೇಟುಗಳ ನಡುವೆ ಮುಖಕ್ಕೆ ಹಚ್ಚುವ ಕ್ರೀಮಿನ ಒಂದೆರಡು ಡಬ್ಬಿಗಳು ಇರುವುದು ನಮ್ಮ ಮನೆಗಳಲ್ಲಿ ಹೊಸತಲ್ಲ. ಈಗ ಸೂಟ್‌ಕೇಸ್ ಕೂಡ ಬೇಕಿಲ್ಲ. ಪಕ್ಕದ ಫ್ಯಾನ್ಸಿ ಅಂಗಡಿಯಲ್ಲೂ ಸಿಗುತ್ತದೆ, ಮೊಬೈಲಿನಲ್ಲಿ ಆರ್ಡರ್ ಮಾಡಿದರೂ ಬರುತ್ತದೆ. ಹದಿನೈದು ದಿನ ಹಚ್ಚಿದರೆ ಮುಖ ಬೆಳ್ಳಗಾಗುತ್ತದೆ ಎಂದು ಹೇಳಿ ಕೊಡುತ್ತಾರೆ. ಎಷ್ಟೋ ಸಲ ಅದು ಸುಳ್ಳೂ ಅಲ್ಲ, ಮುಖ ನಿಜವಾಗಿಯೂ ಬೆಳ್ಳಗಾಗುತ್ತದೆ. ನಾವು ಹೆದರಬೇಕಾದುದು ಹಾಗೆ ಬೇಗ ಕೆಲಸ ಮಾಡುವ ಡಬ್ಬಿಗೇ.

ಸಹೋದರಿಯರೇ, ಆ ಡಬ್ಬಿಯನ್ನು ತಿರುಗಿಸಿ ಹಿಂಬದಿಯ ಸಣ್ಣ ಅಕ್ಷರಗಳನ್ನು ಓದುವ ಅಭ್ಯಾಸ ನಮಗಿಲ್ಲ. ಓದಿದರೂ ಅರ್ಥವಾಗುವುದಿಲ್ಲ. ಇಂದು ಅಂಥ ಒಂದು ಹೆಸರಿನ ಬಗ್ಗೆ ಹೇಳಬೇಕೆಂದಿದ್ದೇನೆ. ಹೆಸರು ಕ್ಯಾಲೊಮೆಲ್. ಕೇಳಲು ಕ್ಯಾರಮೆಲ್ ಮಿಠಾಯಿಯ ಹಾಗಿದೆ. ಅಸಲಿಗೆ ಅದು ಪಾದರಸ. ಉರ್ದು ಮಾತಾಡುವ ಮನೆಗಳಲ್ಲಿ ‘ಪಾರಾ’ ಎನ್ನುತ್ತೇವಲ್ಲ, ಅದೇ.

ಕ್ಯಾಲೊಮೆಲ್ ಮೂಲದಲ್ಲಿ ಒಂದು ಅಪರೂಪದ ಖನಿಜ. ಪಾದರಸ ಮತ್ತು ಕ್ಲೋರಿನ್ ಸೇರಿ ಆದದ್ದು, ರಸಾಯನಶಾಸ್ತ್ರದಲ್ಲಿ ಮರ್ಕ್ಯುರಸ್ ಕ್ಲೋರೈಡ್. ಸ್ಪೇನಿನ ಅಲ್ಮಡೆನ್, ಸ್ಲೊವೇನಿಯಾದ ಇದ್ರಿಯಾ, ಅಮೆರಿಕದ ಟೆಕ್ಸಾಸಿನ ಟರ್ಲಿಂಗ್ವಾದಂತಹ ಹಳೆಯ ಪಾದರಸದ ಗಣಿಗಳಲ್ಲಿ, ಬೇರೆ ಪಾದರಸದ ಅದಿರು ಕಾಲಕ್ರಮೇಣ ಮಾರ್ಪಟ್ಟು ಇದು ಅಲ್ಲಲ್ಲಿ ಸ್ವಲ್ಪ ಸ್ವಲ್ಪ ಕಾಣಸಿಗುತ್ತದೆ. ಉಗುರಿನಿಂದ ಗೀರಬಹುದಾದಷ್ಟು ಮೆದು. ಆದರೆ ನೀರಿನ ಏಳು ಪಟ್ಟು ಭಾರ. ಬೆಳಕಿಗಿಟ್ಟರೆ ಮೆಲ್ಲಗೆ ಕಪ್ಪಾಗುತ್ತದೆ. ನೂರು ಗ್ರಾಂ ಕ್ಯಾಲೊಮೆಲ್‌ನಲ್ಲಿ 85 ಗ್ರಾಂ ಪಾದರಸವೇ ಇರುತ್ತದೆ. ಮದ್ದಿಗೂ ಕ್ರೀಮಿಗೂ ಹಾಕುವುದು ಗಣಿಯಿಂದ ತೆಗೆದ ಕಲ್ಲನ್ನಲ್ಲ, ಕಾರ್ಖಾನೆಯಲ್ಲಿ ಮಾಡಿದ ಅದೇ ಬಿಳಿ ಪುಡಿಯನ್ನು.

ಹೆಸರಿನ ಅರ್ಥ ಕೇಳಿದರೆ ನಗು ಬರುತ್ತದೆ. ಗ್ರೀಕ್ ಭಾಷೆಯಲ್ಲಿ ‘ಕಾಲೊಸ್’ ಎಂದರೆ ಚೆಂದ, ‘ಮೆಲಾಸ್’ ಎಂದರೆ ಕಪ್ಪು. ಅಚ್ಚ ಬಿಳಿ ಪುಡಿಗೆ ‘ಚೆಂದದ ಕಪ್ಪು’ ಎಂಬ ಹೆಸರು ಏಕೆ ಬಂತು ಎಂಬುದಕ್ಕೆ ಹಲವು ಕಥೆಗಳಿವೆ. ಅಮೋನಿಯ ತಾಗಿಸಿದರೆ ಈ ಪುಡಿ ಥಟ್ಟನೆ ಕಪ್ಪಾಗುತ್ತದೆ, ಅದರಿಂದ ಬಂದಿರಬೇಕು ಎನ್ನುವುದು ಅವುಗಳಲ್ಲಿ ಒಂದು. ಕಾರಣ ಏನೇ ಇರಲಿ, ಕಪ್ಪು ಮೈಬಣ್ಣಕ್ಕೆ ನಾಚಿ ಹಣ ಕೊಟ್ಟು ಕೊಳ್ಳುವ ವಸ್ತುವಿನ ಹೆಸರೇ ‘ಚೆಂದದ ಕಪ್ಪು’! ಇದಕ್ಕೆ ಇನ್ನೊಂದು ಹಳೆಯ ಲ್ಯಾಟಿನ್ ಹೆಸರೂ ಇದೆ, ‘ಮರ್ಕ್ಯುರಿಯಸ್ ಡಲ್ಸಿಸ್’, ಅಂದರೆ ಸಿಹಿ ಪಾದರಸ. ವಿಷಕ್ಕೆ ಸಿಹಿ ಎಂದೂ ಚೆಂದ ಎಂದೂ ಹೆಸರಿಟ್ಟರೆ ಅದನ್ನು ಕೈಗೆತ್ತಿಕೊಳ್ಳುವವರಿಗೆ ಏನು ತಿಳಿಯಬೇಕು?

ನಮ್ಮ ಕಡೆಯ ಹೆಸರೂ ಇದಕ್ಕಿಂತ ಉತ್ತಮವಾಗಿಲ್ಲ. ನಾಟಿ ಮದ್ದಿನವರು ರಸಕರ್ಪೂರ ಎಂದರು, ಹಕೀಮರು ರಸ್‌ಕಪೂರ್ ಎಂದರು. ಕರ್ಪೂರಕ್ಕೂ ಇದಕ್ಕೂ ಯಾವ ಸಂಬಂಧವೂ ಇಲ್ಲ, ನೋಡಲು ಬಿಳಿ ಎಂಬುದಷ್ಟೇ ಹೋಲಿಕೆ. ಇನ್ನೂ ಕೆಟ್ಟದ್ದೇನೆಂದರೆ, ಇದೇ ಹೆಸರನ್ನು ಮರ್ಕ್ಯುರಿಕ್ ಕ್ಲೋರೈಡ್ ಎಂಬ ಇದರ ಅಣ್ಣನಿಗೂ ಬಳಸಿದ್ದಾರೆ. ಅದು ಒಂದೆರಡು ಗ್ರಾಂ ಹೊಟ್ಟೆಗೆ ಹೋದರೆ ಮನುಷ್ಯನನ್ನು ಕೊಲ್ಲುವ ವಸ್ತು. ಎರಡು ವಿಷಗಳು, ಒಂದೇ ಮೃದುವಾದ ಹೆಸರು. ಪಾದರಸದ ರೂಪಗಳಲ್ಲಿ ವ್ಯತ್ಯಾಸವಿದೆ ಎಂಬುದನ್ನು ಸಾವಿರ ವರ್ಷಗಳ ಹಿಂದೆಯೇ ಹಕೀಮ್ ಅರ್-ರಾಝಿ ಕಂಡುಕೊಂಡಿದ್ದರು. ಅವರು ಪಾದರಸವನ್ನು ಒಂದು ಕೋತಿಗೆ ಕೊಟ್ಟು ಪರೀಕ್ಷಿಸಿದರು. ಲೋಹದ ಪಾದರಸಕ್ಕಿಂತ ಕಾಯಿಸಿ ಉತ್ಪತನಗೊಳಿಸಿದ ಪಾದರಸ ಬಹಳ ಅಪಾಯಕಾರಿ ಎಂದು ಬರೆದಿಟ್ಟರು. ಅವರ ಹೆಸರನ್ನು ಅಭಿಮಾನದಿಂದ ಹೇಳುವ ನಾವು ಅವರ ಎಚ್ಚರಿಕೆಯನ್ನು ಮಾತ್ರ ನೆನಪಿಟ್ಟುಕೊಳ್ಳಲಿಲ್ಲ.

ಕ್ಯಾಲೊಮೆಲ್ ಮುಖಕ್ಕೆ ಬರುವ ಮೊದಲು ಹೊಟ್ಟೆಗೆ ಹೋಗುತ್ತಿತ್ತು. ಯುರೋಪ್, ಅಮೆರಿಕದಲ್ಲಿ ಸುಮಾರು ಮುನ್ನೂರು ವರ್ಷ ಭೇದಿಯ ಮದ್ದು ಎಂದರೆ ಇದೇ. 1793ರಲ್ಲಿ ಫಿಲಡೆಲ್ಫಿಯಾದಲ್ಲಿ ಹಳದಿ ಜ್ವರ ಹರಡಿದಾಗ ಬೆಂಜಮಿನ್ ರಶ್ ಎಂಬ ಹೆಸರಾಂತ ವೈದ್ಯರು ರೋಗಿಗಳಿಗೆ ಇದನ್ನು ಧಾರಾಳವಾಗಿ ಕೊಟ್ಟರು. 1863ರಲ್ಲಿ ಅಮೆರಿಕದ ಸೇನೆಯ ಮುಖ್ಯ ವೈದ್ಯಾಧಿಕಾರಿ ವಿಲಿಯಂ ಹ್ಯಾಮಂಡ್, ಸೈನಿಕರ ಮದ್ದಿನ ಪಟ್ಟಿಯಿಂದ ಕ್ಯಾಲೊಮೆಲ್ ತೆಗೆದುಹಾಕಿದರು. ವೈದ್ಯರೇ ಅವರ ವಿರುದ್ಧ ತಿರುಗಿಬಿದ್ದರು. ರೂಢಿಯಾದ ಮದ್ದನ್ನು ಬಿಡಿಸುವುದು ಅಷ್ಟು ಕಷ್ಟ.

ತಾಯಂದಿರು ತಿಳಿಯಲೇಬೇಕಾದ ಕಥೆ ಇದರ ನಂತರದ್ದು. ಮಗುವಿಗೆ ಹಲ್ಲು ಬರುವಾಗ ಕೊಡುವ ಪುಡಿ ಎಂದು ಬ್ರಿಟನ್, ಆಸ್ಟ್ರೇಲಿಯಾ, ಅಮೆರಿಕದ ಅಂಗಡಿಗಳಲ್ಲಿ ಕ್ಯಾಲೊಮೆಲ್ ಬೆರೆಸಿದ ಪೊಟ್ಟಣಗಳನ್ನು ಮಾರುತ್ತಿದ್ದರು. ಆ ಕಾಲದಲ್ಲಿ ಮಕ್ಕಳಿಗೆ ಒಂದು ವಿಚಿತ್ರ ಕಾಯಿಲೆ ಬರುತ್ತಿತ್ತು. ಅಂಗೈ, ಅಂಗಾಲು ಗುಲಾಬಿ ಬಣ್ಣಕ್ಕೆ ತಿರುಗಿ ಊದಿಕೊಂಡು ಸಿಪ್ಪೆ ಏಳುತ್ತಿತ್ತು. ಮಗು ಬೆಳಕು ನೋಡಲಾರದು, ಬೆವರುತ್ತಲೇ ಇರುತ್ತದೆ, ಹಗಲೂ ರಾತ್ರಿಯೂ ಅಳುತ್ತದೆ, ಎತ್ತಿಕೊಂಡರೂ ಸಮಾಧಾನವಾಗದು. ‘ಪಿಂಕ್ ಡಿಸೀಸ್’ ಎಂದು ಕರೆದರು. ಅನೇಕ ಮಕ್ಕಳು ತೀರಿಕೊಂಡವು. ಸೋಂಕು ಎಂದರು, ಆಹಾರದ ಕೊರತೆ ಎಂದರು. 1940ರ ದಶಕದಲ್ಲಿ ಅಮೆರಿಕದ ಸಿನ್ಸಿನಾಟಿಯಲ್ಲಿ ಜೋಸೆಫ್ ವಾರ್ಕನಿ ಎಂಬ ಮಕ್ಕಳ ವೈದ್ಯರು ಮತ್ತು ಅವರ ಸಹೋದ್ಯೋಗಿ ಇಂಥ ಮಕ್ಕಳ ಮೂತ್ರ ಪರೀಕ್ಷಿಸಿದಾಗ ಅದರಲ್ಲಿ ಪಾದರಸ ಸಿಕ್ಕಿತು. 1954ರಲ್ಲಿ ಬ್ರಿಟನ್ನಿನ ತಯಾರಕರು ಹಲ್ಲಿನ ಪುಡಿಯಿಂದ ಕ್ಯಾಲೊಮೆಲ್ ತೆಗೆದರು. ಕೆಲವೇ ವರ್ಷಗಳಲ್ಲಿ ಕಾಯಿಲೆಯೇ ಕಾಣದಾಯಿತು.

ಅಷ್ಟು ಕಾಲ ಕ್ಯಾಲೊಮೆಲ್ ಪರವಾಗಿ ಹೇಳುತ್ತಿದ್ದ ಮಾತೇನು ಗೊತ್ತೇ? ‘ಇದು ನೀರಿನಲ್ಲಿ ಕರಗುವುದಿಲ್ಲ, ಆದ್ದರಿಂದ ಮೈಗೆ ಹತ್ತುವುದಿಲ್ಲ.’ ನೀರಿನಲ್ಲಿ ಬಹಳ ಕಡಿಮೆ ಕರಗುತ್ತದೆ ಎನ್ನುವುದು ನಿಜ. ಮೈಗೆ ಹತ್ತುವುದಿಲ್ಲ ಎನ್ನುವುದು ಸುಳ್ಳು ಎಂಬುದನ್ನು ಆ ಕೂಸುಗಳ ಮೂತ್ರ ಹೇಳಿತು. ಇಂದು ಕ್ರೀಮ್ ಮಾರುವವರೂ ಇದೇ ಧಾಟಿಯಲ್ಲಿ ಹೇಳುತ್ತಾರೆ, ‘ಹೊಟ್ಟೆಗೆ ತಿನ್ನುವುದಲ್ಲವಲ್ಲ, ಮೇಲೆ ಹಚ್ಚುವುದು ತಾನೇ?’ ದಿನಕ್ಕೆ ಐದು ಹೊತ್ತು ವುಝೂ ಮಾಡಿ ಮುಖ ತೊಳೆಯುತ್ತೇವೆ, ಎಲ್ಲ ಹೋಗಿಬಿಡುತ್ತದೆ ಎಂದುಕೊಳ್ಳುವವರೂ ಇದ್ದಾರೆ. ತೊಳೆದಾಗ ಹೋಗುವುದು ಮೇಲಿರುವುದು ಮಾತ್ರ. ಚರ್ಮದ ಮೂಲಕ ಒಳಗಿಳಿದ ಪಾದರಸ ರಕ್ತ ಸೇರಿ ಕಿಡ್ನಿಯಲ್ಲಿ ಕೂಡಿಕೊಳ್ಳುತ್ತದೆ.

1996ರಲ್ಲಿ ಅಮೆರಿಕದ ಟೆಕ್ಸಾಸ್ ಮತ್ತು ಸುತ್ತಲಿನ ರಾಜ್ಯಗಳಲ್ಲಿ ಮೆಕ್ಸಿಕೋದಿಂದ ಬಂದ ಒಂದು ಸೌಂದರ್ಯದ ಕ್ರೀಮ್ ಬಳಸಿದವರ ಮೈಯಲ್ಲಿ ಪಾದರಸ ಹೆಚ್ಚಿರುವುದು ಪತ್ತೆಯಾಯಿತು. ಡಬ್ಬಿಯ ಮೇಲೆ ಅದರಲ್ಲಿ ಏನಿದೆ ಎಂದು ಬರೆದೇ ಇತ್ತು, ‘ಕ್ಯಾಲೊಮೆಲ್’ ಎಂದು. ಪರೀಕ್ಷಿಸಿದಾಗ ತೂಕದ ನೂರಕ್ಕೆ 6ರಿಂದ 10 ಭಾಗ ಪಾದರಸ! ಲೆಕ್ಕ ಹಾಕಿ ನೋಡಿ. 50 ಗ್ರಾಂ ಡಬ್ಬಿಯಲ್ಲಿ ಕಡಿಮೆಯೆಂದರೂ 3 ಗ್ರಾಂ. ಹಳೆಯ ಗಾಜಿನ ಜ್ವರಮಾಪಕದಲ್ಲಿ ಇರುವುದು ಹೆಚ್ಚುಕಡಿಮೆ ಒಂದು ಗ್ರಾಂ. ಅದು ಕೈಜಾರಿ ಒಡೆದರೆ ಮಕ್ಕಳನ್ನು ದೂರ ಓಡಿಸುತ್ತೇವೆ. ಮೂರು ಜ್ವರಮಾಪಕಗಳಷ್ಟು ಪಾದರಸವನ್ನು ಮುಖಕ್ಕೆ ತಿಕ್ಕಿಕೊಳ್ಳಲು ಮಾತ್ರ ನಾವು ತಯಾರು, ಏಕೆಂದರೆ ಅಲ್ಲಿ ಅದರ ಹೆಸರು ಬೇರೆ. ಆ ಡಬ್ಬಿಯವರು ಸುಳ್ಳು ಬರೆದಿರಲಿಲ್ಲ ಎಂಬುದೇ ನನಗೆ ಹೆಚ್ಚು ಸಿಟ್ಟು ತರಿಸುತ್ತದೆ. ‘ಇದರಲ್ಲಿ ಪಾದರಸವಿದೆ’ ಎಂದು ಬರೆದಿದ್ದರೆ ಎಷ್ಟು ಜನ ಕೊಳ್ಳುತ್ತಿದ್ದರು?

ದೂರದ ಅಮೆರಿಕದ ಮಾತು ಬಿಡಿ, ನಮ್ಮ ನೆರೆಯ ಕೇರಳದ ಮಲಪ್ಪುರಂಗೆ ಬನ್ನಿ. ನಮ್ಮ ಕರಾವಳಿಯ ಹಾಗೆಯೇ ಮನೆಗೊಬ್ಬರು ಗಲ್ಫಿನಲ್ಲಿರುವ ಜಿಲ್ಲೆ ಅದು. ಅಲ್ಲಿನ ಕೊಟ್ಟಕ್ಕಲ್‌ನ ಕಿಡ್ನಿ ತಜ್ಞರು 2021ರ ಜುಲೈಯಿಂದ 2023ರ ಸೆಪ್ಟೆಂಬರ್ ತನಕ ಕಂಡ, ಮೂತ್ರದಲ್ಲಿ ಪ್ರೊಟೀನ್ ಸೋರಿಹೋಗುವ ಒಂದು ಬಗೆಯ ಕಿಡ್ನಿ ಕಾಯಿಲೆಯ 22 ಪ್ರಕರಣಗಳನ್ನು ವೈದ್ಯಕೀಯ ಪತ್ರಿಕೆಯೊಂದರಲ್ಲಿ ವರದಿ ಮಾಡಿದ್ದಾರೆ. ಅವರಲ್ಲಿ 15 ಮಂದಿಗೆ ಬಂದಿದ್ದದ್ದು ಈ ಕಾಯಿಲೆಯ ಒಂದು ಅಪರೂಪದ ಬಗೆ. ಆ 15ರಲ್ಲಿ 13 ಮಂದಿ ಬಿಳಿ ಮಾಡುವ ಕ್ರೀಮ್ ಹಚ್ಚುತ್ತಿದ್ದೆವು ಎಂದು ಒಪ್ಪಿಕೊಂಡರು. ಕ್ರೀಮುಗಳಲ್ಲಿ ಪಾದರಸ ಸಿಕ್ಕಿತು. ಸಮಾಧಾನದ ಸಂಗತಿಯೆಂದರೆ, ಕ್ರೀಮ್ ನಿಲ್ಲಿಸಿದ ಮೇಲೆ ಹೆಚ್ಚಿನವರು ಚೇತರಿಸಿಕೊಂಡರು. ಆದರೆ ಒಬ್ಬರಿಗೆ ಮಿದುಳಿನ ರಕ್ತನಾಳದಲ್ಲಿ ಹೆಪ್ಪುಗಟ್ಟುವ ತನಕ ಹೋಗಿತ್ತು. 2023ರಲ್ಲೇ ಕೇರಳದ ಔಷಧ ನಿಯಂತ್ರಣ ಇಲಾಖೆ ‘ಆಪರೇಷನ್ ಸೌಂದರ್ಯ’ ಎಂದು ಅಂಗಡಿಗಳ ತಪಾಸಣೆಗೆ ಇಳಿಯಿತು. ಅದೇ ಗಲ್ಫ್, ಅದೇ ಸೂಟ್‌ಕೇಸ್, ಅದೇ ಡಬ್ಬಿಗಳು. ಗಡಿಯ ಈಚೆಗೆ ಬಂದಾಗ ಅವು ಶುದ್ಧವಾಗಿಬಿಡುತ್ತವೆಯೇ?

ಕಾನೂನು ಇಲ್ಲವೆಂದಲ್ಲ. ನಮ್ಮ ದೇಶದ 2020ರ ಸೌಂದರ್ಯವರ್ಧಕ ನಿಯಮಗಳ ಪ್ರಕಾರ ಮುಖಕ್ಕೆ ಹಚ್ಚುವ ಕ್ರೀಮಿನಲ್ಲಿ ಅರಿವಿಲ್ಲದೆ ಬೆರೆತ ಪಾದರಸ ಹತ್ತು ಲಕ್ಷಕ್ಕೆ ಒಂದು ಭಾಗ ಮೀರಬಾರದು, ಅಂದರೆ ಒಂದು ಕಿಲೋದಲ್ಲಿ ಒಂದು ಮಿಲಿಗ್ರಾಂ. ಪಾದರಸದ ಕುರಿತ ಮಿನಾಮಾಟಾ ಒಪ್ಪಂದಕ್ಕೂ ಭಾರತ ಸಹಿ ಹಾಕಿದೆ. ಆದರೆ ಕಾನೂನು ಬಿಗಿಯಾದಷ್ಟೂ ಕಳ್ಳರು ಹೆಸರನ್ನೇ ಬಿಟ್ಟುಬಿಟ್ಟರು. ಮೊದಲು ವಿಷಕ್ಕೆ ಚೆಂದದ ಹೆಸರಿತ್ತು, ಈಗ ಎಷ್ಟೋ ಡಬ್ಬಿಗಳಲ್ಲಿ ಹೆಸರೇ ಇಲ್ಲ. ಹಾಗಾಗಿ ನನ್ನ ಅಭಿಪ್ರಾಯದಲ್ಲಿ, ಏನೇನು ಸೇರಿದೆ ಎಂದು ಬರೆಯದ ಡಬ್ಬಿಯನ್ನು ಪಾದರಸದ ಡಬ್ಬಿ ಎಂದೇ ತಿಳಿದು ಮನೆಯೊಳಗೆ ಬಿಡಬಾರದು. ಇದು ಅತಿಯಾಯಿತು ಎನ್ನುವವರು ಇರಬಹುದು. ಹೆಸರು ಹೇಳದ ಅಪರಿಚಿತನನ್ನು ಅಡುಗೆಮನೆಗೆ ಕರೆಯುತ್ತೀರಾ?

ಹೆಸರು ಬರೆದಿದ್ದರೆ ಇವನ್ನು ನೋಡಿಕೊಳ್ಳಿ: ಕ್ಯಾಲೊಮೆಲ್, ಮರ್ಕ್ಯುರಸ್ ಕ್ಲೋರೈಡ್, ಮರ್ಕ್ಯುರಿಕ್ ಅಯೋಡೈಡ್, ಅಮೋನಿಯೇಟೆಡ್ ಮರ್ಕ್ಯುರಿ, ಮರ್ಕ್ಯುರಿಯೊ, ಸಿನ್ನಬಾರಿಸ್, ‘ಹೈಡ್ರಾರ್ಜಿರಿ’ ಎಂದು ಶುರುವಾಗುವ ಯಾವುದೇ ಪದ. ಎಲ್ಲವೂ ಪಾದರಸವೇ. ‘ಚಿನ್ನ, ಬೆಳ್ಳಿ, ಅಲ್ಯೂಮಿನಿಯಂ ತಾಗಿಸಬೇಡಿ’ ಎಂಬ ಸೂಚನೆ ಇದ್ದರೂ ಅನುಮಾನಿಸಿ, ಪಾದರಸ ಲೋಹಕ್ಕೆ ಅಂಟುತ್ತದೆ. ಹಚ್ಚುವ ಮೊದಲು ಉಂಗುರ ತೆಗೆಯಿರಿ ಎಂದು ಸಲಹೆ ಕೊಡುವ ಕ್ರೀಮ್ ನಿಮ್ಮ ಚರ್ಮಕ್ಕೇಕೆ? ವಿದೇಶದ ಮಾಲಾದರೆ ಆಮದು ಮಾಡಿದವರ ಹೆಸರು, ವಿಳಾಸ ಮತ್ತು ನೋಂದಣಿ ಸಂಖ್ಯೆ ಲೇಬಲ್ ಮೇಲೆ ಇರಲೇಬೇಕು. ಇಲ್ಲದಿದ್ದರೆ ಅದು ಕಳ್ಳದಾರಿಯಲ್ಲಿ ಬಂದದ್ದು. (ಸುರ್ಮಾದ ವಿಷಯದಲ್ಲೂ ಹೆಸರಿನದ್ದೇ ಮೋಸ. ಆಂಟಿಮನಿ ಎಂದುಕೊಂಡು ಹಚ್ಚುವುದರಲ್ಲಿ ಎಷ್ಟೋ ಸಲ ಇರುವುದು ಸೀಸ. ಅದು ಬೇರೆಯೇ ಬರಹಕ್ಕಾಗುವಷ್ಟಿದೆ.)

ಈ ವಿಷ ಹಚ್ಚಿಕೊಂಡವರಲ್ಲೇ ನಿಲ್ಲುವುದಿಲ್ಲ. ಟವೆಲ್, ದಿಂಬಿನ ಹೊದಿಕೆ, ದುಪಟ್ಟಾ, ತಾಯಿಯ ಕೆನ್ನೆ, ಎಲ್ಲದರ ಮೂಲಕ ಮನೆಯವರಿಗೆ ತಾಗುತ್ತದೆ. 2010ರಲ್ಲಿ ಕ್ಯಾಲಿಫೋರ್ನಿಯಾದಲ್ಲಿ ಇಂಥ ಮನೆಗಳ ಮಂದಿಯನ್ನು ಪರೀಕ್ಷಿಸಿದಾಗ, ಕ್ರೀಮನ್ನು ಒಮ್ಮೆಯೂ ಹಚ್ಚದ ಮಕ್ಕಳ ಮೂತ್ರದಲ್ಲೂ ಪಾದರಸ ಸಿಕ್ಕಿತು. ಎದೆಹಾಲಿನಲ್ಲೂ ಅದು ಇಳಿಯುತ್ತದೆ.

ಇಷ್ಟಾದ ಮೇಲೂ ‘ಹೆಣ್ಣುಮಕ್ಕಳಿಗೆ ಬುದ್ಧಿಯಿಲ್ಲ, ಸಿಕ್ಕಿದ್ದೆಲ್ಲ ಹಚ್ಚುತ್ತಾರೆ’ ಎಂದು ಹೇಳಿ ಮುಗಿಸುವವರನ್ನು ಕಂಡಿದ್ದೇನೆ. ನನಗೆ ಅದು ಒಪ್ಪಿಗೆಯಿಲ್ಲ. ಹುಡುಗಿ ನೋಡಲು ಬಂದವರು ಓದು ಕೇಳುವ ಮೊದಲು ಬಣ್ಣ ನೋಡುತ್ತಾರೆ. ಮಗ ಕಪ್ಪಿದ್ದರೂ ಸೊಸೆ ಬೆಳ್ಳಗಿರಬೇಕು. ಕೂಸು ಹುಟ್ಟಿದ ದಿನವೇ ‘ಯಾರ ಬಣ್ಣ ಬಂದಿದೆ?’ ಎಂಬ ಪ್ರಶ್ನೆ. ಹದಿನಾರರ ಹುಡುಗಿ ಇದನ್ನೆಲ್ಲ ಕೇಳಿಕೊಂಡೇ ಬೆಳೆದಿರುತ್ತಾಳೆ. ಪಾದರಸ ಮೆಲನಿನ್ ತಯಾರಾಗುವುದನ್ನು ತಡೆಯುವುದರಿಂದ ಮುಖ ತಿಳಿಯಾಗುತ್ತದೆ, ಮನೆಯವರು ಮೆಚ್ಚುತ್ತಾರೆ. ನಿಲ್ಲಿಸಿದರೆ ಬಣ್ಣ ಮರಳುತ್ತದೆ, ಅದಕ್ಕೇ ನಿಲ್ಲಿಸಲು ಹೆದರುತ್ತಾಳೆ. ಡಬ್ಬಿ ತಂದುಕೊಟ್ಟ ಅಣ್ಣ, ಹಣ ಕೊಟ್ಟ ತಾಯಿ, ಮಾರಿದ ಅಂಗಡಿಯವರು, ಬಣ್ಣದ ಮಾತೆತ್ತಿದ ಅತ್ತೆ, ಇವರೆಲ್ಲರ ಪಾಲು ಅವಳ ಪಾಲಿಗಿಂತ ದೊಡ್ಡದು. ಗಲ್ಫಿನಲ್ಲಿರುವ ಸಹೋದರರೇ, ಮುಂದಿನ ಸಲ ಬರುವಾಗ ಆ ಡಬ್ಬಿಯ ಬದಲು ಇನ್ನೊಂದು ಕಿಲೋ ಖರ್ಜೂರ ತನ್ನಿ.

ಇಂಥ ಕ್ರೀಮ್ ಈಗಾಗಲೇ ಬಳಕೆಯಲ್ಲಿದ್ದರೆ ಇಂದೇ ನಿಲ್ಲಿಸಿ. ಚರಂಡಿಗೆ ತೊಳೆಯಬೇಡಿ, ಹಿತ್ತಲಲ್ಲಿ ಹೂಳಬೇಡಿ, ಸುಡಲೇಬೇಡಿ, ಸುಟ್ಟರೆ ಪಾದರಸ ಆವಿಯಾಗಿ ಉಸಿರಿಗೆ ಸೇರುತ್ತದೆ. ಇನ್ನೂರು ವರ್ಷಗಳ ಹಿಂದೆ ಅಮೆರಿಕದಲ್ಲಿ ಲೂಯಿಸ್ ಮತ್ತು ಕ್ಲಾರ್ಕ್ ಎಂಬ ಅನ್ವೇಷಕರ ತಂಡದವರು ನುಂಗಿದ್ದ ಕ್ಯಾಲೊಮೆಲ್ ಮಾತ್ರೆಗಳ ಪಾದರಸ ಅವರ ಶೌಚದ ಗುಂಡಿಯ ಮಣ್ಣಿನಲ್ಲಿ 2002ರಲ್ಲೂ ಸಿಕ್ಕಿತ್ತು. ಡಬ್ಬಿಯ ಮುಚ್ಚಳ ಬಿಗಿದು, ಪ್ಲಾಸ್ಟಿಕ್ ಚೀಲದಲ್ಲಿ ಕಟ್ಟಿ, ಮಕ್ಕಳ ಕೈಗೆ ಸಿಗದಂತಿಡಿ. ಟವೆಲ್, ದಿಂಬಿನ ಹೊದಿಕೆಗಳನ್ನು ಮಕ್ಕಳ ಬಟ್ಟೆಯ ಜೊತೆ ಒಗೆಯಬೇಡಿ. ಬೆಳಿಗ್ಗೆ ಎದ್ದಾಗ ಮುಖ ಊದಿರುವುದು, ಸಂಜೆ ಕಾಲು ಊದುವುದು, ಮೂತ್ರದಲ್ಲಿ ನೊರೆ ನಿಲ್ಲುವುದು, ಕೈ ನಡುಗುವುದು, ಕಾರಣವಿಲ್ಲದೆ ನಿದ್ದೆಗೆಡುವುದು, ಇವುಗಳಲ್ಲಿ ಯಾವುದಿದ್ದರೂ ವೈದ್ಯರನ್ನು ಕಾಣಿ. ಮೂತ್ರದಲ್ಲಿ ಪ್ರೊಟೀನ್ ಇದೆಯೇ ಎಂಬ ಪರೀಕ್ಷೆ ಸಣ್ಣ ಊರಿನ ಲ್ಯಾಬಿನಲ್ಲೂ ಆಗುತ್ತದೆ, ಪಾದರಸದ ಪರೀಕ್ಷೆ ಬೇಕೇ ಎಂಬುದನ್ನು ವೈದ್ಯರು ಹೇಳುತ್ತಾರೆ. ಕ್ರೀಮ್ ಹಚ್ಚುತ್ತಿದ್ದೆ ಎಂದು ಹೇಳಲು ನಾಚಬೇಡಿ, ವೈದ್ಯರು ತಾವಾಗಿ ಕೇಳದಿದ್ದರೆ ನೀವೇ ಹೇಳಿ. ಕಟ್ಟಿಟ್ಟ ಆ ಡಬ್ಬಿಯನ್ನೂ ಜೊತೆಗೆ ಒಯ್ಯಿರಿ.