ಅಕ್ರಾ ನಗರದಲ್ಲಿ ಐದು ದಿನ: ಸ್ಯಾಂಪಲ್ ಚೀಲವನ್ನು ಮನೆಯಲ್ಲಿ ಬಿಟ್ಟು ಹೊರಡುವುದು ಲೇಸು

ದೇವನಹಳ್ಳಿಯ ಸಮೀಪ 2008ರ ಮೇ ತಿಂಗಳಿನಲ್ಲಿ ನೂತನ ವಿಮಾನ ನಿಲ್ದಾಣವು ಕಾರ್ಯಾರಂಭ ಮಾಡಿದ ಮೇಲೆ ಬೆಂಗಳೂರಿನ ಉತ್ತರ ಭಾಗದ ಉದ್ಯಮಿಗಳಿಗೆ ವಿದೇಶ ಪ್ರವಾಸವು ಹಿಂದಿನಷ್ಟು ದೊಡ್ಡ ಸಂಗತಿಯಾಗಿ ಉಳಿದಿಲ್ಲ. ಹೆಬ್ಬಾಳದ ಮೇಲ್ಸೇತುವೆಯನ್ನು ದಾಟುವ ಕಷ್ಟವೊಂದನ್ನು ಹೊರತುಪಡಿಸಿದರೆ, ಯಲಹಂಕದ ಸಣ್ಣ ತಯಾರಕರಿಗೂ ಯಶವಂತಪುರದ ವರ್ತಕರಿಗೂ ದುಬೈ, ಸಿಂಗಪುರ, ಗುವಾಂಗ್‌ಝೌ ನಗರಗಳು ನೆರೆಯೂರುಗಳಂತೆಯೇ ಆಗಿವೆ. ಇತ್ತೀಚಿನ ವರ್ಷಗಳಲ್ಲಿ ಇದೇ ಪಟ್ಟಿಗೆ ಪಶ್ಚಿಮ ಆಫ್ರಿಕಾದ ನಗರಗಳೂ ಸೇರತೊಡಗಿವೆ. ಘಾನಾ, ಸೆನೆಗಲ್, ನೈಜೀರಿಯಾ ದೇಶಗಳಿಂದ ಬರುವ ವಿಚಾರಣಾ ಪತ್ರಗಳಿಗೆ ನಮ್ಮ ಉದ್ಯಮಿಗಳು ಸಾಮಾನ್ಯವಾಗಿ ಎರಡು ರೀತಿಯಲ್ಲಿ ಪ್ರತಿಕ್ರಿಯಿಸುತ್ತಾರೆ. ಕೆಲವರು ಎಲ್ಲವೂ ವಂಚನೆಯೆಂದು ಪತ್ರವನ್ನು ಓದದೆಯೇ ಅಳಿಸಿಹಾಕುತ್ತಾರೆ. ಇನ್ನು ಕೆಲವರು ಸ್ಯಾಂಪಲ್ ಚೀಲವನ್ನೂ ದರಪಟ್ಟಿಯನ್ನೂ ಹೊತ್ತು ಮುಂದಿನ ವಿಮಾನವನ್ನೇ ಹತ್ತುತ್ತಾರೆ. ಈ ಎರಡಕ್ಕೂ ಬದಲಾಗಿ, ಮೊದಲ ಭೇಟಿಯನ್ನು ಕೇವಲ ರಜೆಯ ಪ್ರವಾಸವಾಗಿ, ಒಂದೇ ನಗರಕ್ಕೆ, ಐದು ದಿನಗಳ ಮಟ್ಟಿಗೆ ಯೋಜಿಸುವುದು ಸಣ್ಣ ಉದ್ಯಮಿಗೆ ಹೆಚ್ಚು ಹಿತಕರ.

ಆ ನಗರವು ಘಾನಾ ದೇಶದ ರಾಜಧಾನಿಯಾದ ಅಕ್ರಾ ಆಗಿರಲಿ ಎನ್ನುವುದಕ್ಕೆ ಕಾರಣಗಳಿವೆ. ಅಲ್ಲಿಯ ಆಡಳಿತ ಭಾಷೆ ಇಂಗ್ಲಿಷ್. ಡಕಾರ್ ಮತ್ತು ಲೋಮೆಗಳಲ್ಲಿ ಫ್ರೆಂಚ್ ಬಾರದವರು ಮೂಕರಂತೆ ತಿರುಗಬೇಕಾಗುತ್ತದೆ. 1992ರ ಸಂವಿಧಾನದ ಅಡಿಯಲ್ಲಿ ಅಲ್ಲಿ ಸರ್ಕಾರಗಳು ಮತದಾನದಿಂದಲೇ ಬದಲಾಗುತ್ತ ಬಂದಿವೆ. ಆಫ್ರಿಕಾ ಖಂಡದ ಮುಕ್ತ ವ್ಯಾಪಾರ ಒಪ್ಪಂದದ ಪ್ರಧಾನ ಕಚೇರಿಯು 2020ರಲ್ಲಿ ಇದೇ ನಗರದಲ್ಲಿ ನೆಲೆಗೊಂಡಿತು. ಒಪ್ಪಂದದಡಿ ವ್ಯಾಪಾರವು 2021ರ ಜನವರಿ 1ರಿಂದ ಆರಂಭವಾಯಿತು. ನಮ್ಮಲ್ಲಿ ಹಲವರು ಲಾಗೋಸ್ ಮತ್ತು ಅಬಿಜಾನ್ ನಗರಗಳನ್ನು ಇಂದಿಗೂ ರಾಜಧಾನಿಗಳೆಂದೇ ಭಾವಿಸಿರುತ್ತಾರೆ. ನೈಜೀರಿಯಾದ ರಾಜಧಾನಿ 1991ರಲ್ಲಿ ಅಬುಜಾಕ್ಕೂ, ಐವರಿ ಕೋಸ್ಟ್‌ನ ರಾಜಧಾನಿ 1983ರಲ್ಲಿ ಯಾಮುಸುಕ್ರೋಗೂ ಸ್ಥಳಾಂತರಗೊಂಡವು. ಅಲ್ಲಿ ರಾಜಧಾನಿಯೇ ಬೇರೆ, ಪೇಟೆಯೇ ಬೇರೆ. ಅಕ್ರಾದಲ್ಲಿ ಎರಡೂ ಒಂದೇ ಕಡೆ ಇವೆ. ತೇಮಾ ಬಂದರು ಕೂಡ ಮೂವತ್ತು ಕಿಲೋಮೀಟರಿನೊಳಗಿದೆ.

ಒಂದೇ ವಾರದಲ್ಲಿ ಮೂರು ದೇಶಗಳನ್ನು ಸುತ್ತಿ ಬರುವ ಯೋಜನೆಯನ್ನು ಪ್ರವಾಸ ಸಂಸ್ಥೆಗಳು ಉತ್ಸಾಹದಿಂದ ಮುಂದಿಡುತ್ತವೆ. ನಕ್ಷೆಯಲ್ಲಿ ಅಕ್ರಾ, ಲೋಮೆ, ಲಾಗೋಸ್ ಒಂದೇ ಕರಾವಳಿಯ ಮೇಲೆ ಮಣಿ ಪೋಣಿಸಿದಂತೆ ಕಾಣುವುದು ನಿಜ. ಆದರೆ ಪಶ್ಚಿಮ ಆಫ್ರಿಕಾದ ಆರ್ಥಿಕ ಸಮುದಾಯದೊಳಗಿನ ವೀಸಾರಹಿತ ಸಂಚಾರವು ಆ ದೇಶಗಳ ಪ್ರಜೆಗಳಿಗೆ ಮಾತ್ರ ಅನ್ವಯಿಸುತ್ತದೆ. ಭಾರತೀಯನಿಗೆ ಪ್ರತಿಯೊಂದು ಗಡಿಯೂ ಬೇರೆ ಗಡಿಯೇ. ಹೀಗೆ ಹೊರಟವರು ವಿಮಾನ ನಿಲ್ದಾಣಗಳನ್ನೂ ಹೋಟೆಲ್ ಕೋಣೆಗಳನ್ನೂ ಕಂಡು ಹಿಂದಿರುಗುವುದೇ ಹೆಚ್ಚು.

ಇನ್ನು ಹೊರಡುವ ಕಾಲ. ಅಕ್ರಾದಲ್ಲಿ ಏಪ್ರಿಲ್‌ನಿಂದ ಜುಲೈವರೆಗೆ ಮುಖ್ಯ ಮಳೆಗಾಲ. ಜೂನ್ ತಿಂಗಳಿನಲ್ಲಿ ಅದರ ಅಬ್ಬರ ಹೆಚ್ಚು. 2015ರ ಜೂನ್ 3ರ ರಾತ್ರಿ ನಗರದ ಮಧ್ಯಭಾಗದಲ್ಲಿ ಪ್ರವಾಹದ ನಡುವೆಯೇ ಪೆಟ್ರೋಲ್ ಬಂಕ್ ಸ್ಫೋಟಿಸಿ ನೂರೈವತ್ತಕ್ಕೂ ಹೆಚ್ಚು ಮಂದಿ ಸಾವಿಗೀಡಾದುದನ್ನು ಆ ನಗರ ಮರೆತಿಲ್ಲ. ಆದುದರಿಂದ ಮಕ್ಕಳ ಬೇಸಿಗೆ ರಜೆಗೆ ಈ ಪ್ರವಾಸವನ್ನು ಹೊಂದಿಸುವುದು ಸೂಕ್ತವಲ್ಲ. ಡಿಸೆಂಬರ್‌ನಲ್ಲಿ ಹವೆ ಒಣಗಿರುತ್ತದೆಯಾದರೂ, ಅಮೆರಿಕ ಮತ್ತು ಬ್ರಿಟನ್‌ಗಳಲ್ಲಿ ನೆಲೆಸಿರುವ ಆಫ್ರಿಕಾ ಮೂಲದವರು ಆ ತಿಂಗಳು ದೊಡ್ಡ ಸಂಖ್ಯೆಯಲ್ಲಿ ಬರುವುದರಿಂದ ಕೋಣೆ ಬಾಡಿಗೆಯೂ ವಿಮಾನ ದರವೂ ಏರಿರುತ್ತವೆ. ಜನವರಿಯಲ್ಲಿ ಸಹಾರಾ ಮರುಭೂಮಿಯ ಧೂಳನ್ನು ಹೊತ್ತು ತರುವ ಹರ್ಮಟನ್ ಗಾಳಿ ಬೀಸುತ್ತದೆ. ಆಸ್ತಮಾ ಇರುವವರಿಗೆ ಅದು ಹಿತವಲ್ಲ. ಉಳಿದಂತೆ ದಸರಾ ರಜೆಯೇ ಯೋಗ್ಯ. ಆಗ ಅಲ್ಲಿ ಹಗುರವಾದ ಎರಡನೆಯ ಮಳೆ ಇರಬಹುದು, ಅಷ್ಟೇ. ಆಯುಧಪೂಜೆ ಮುಗಿಸಿ, ಬೋನಸ್ ಹಂಚಿ, ಕಾರ್ಮಿಕರು ಊರಿಗೆ ತೆರಳಿದ ಮೇಲೆ ಕಾರ್ಖಾನೆಯ ಮಾಲೀಕರಿಗೆ ಹೇಗೂ ಕೆಲವು ದಿನ ಬಿಡುವು. ಹಬ್ಬದ ವ್ಯಾಪಾರವನ್ನೇ ನಂಬಿರುವ ಯಶವಂತಪುರದ ವರ್ತಕರಿಗೆ ಈ ಮಾತು ಅನ್ವಯಿಸದು. ಅವರು ಫೆಬ್ರವರಿಯ ಕೊನೆಯನ್ನು ನೋಡಿಕೊಳ್ಳಬೇಕು.

ಟಿಕೆಟಿಗಿಂತಲೂ ಮೊದಲು ಆಗಬೇಕಾದ ಕೆಲಸವೆಂದರೆ ಹಳದಿ ಜ್ವರದ ಲಸಿಕೆ. ಇದನ್ನು ಕಡೆಯ ವಾರಕ್ಕೆ ತಳ್ಳಿ ಪರದಾಡುವವರು ಇಂದಿಗೂ ಇದ್ದಾರೆ. ಲಸಿಕೆ ಹಾಕಿಸಿಕೊಂಡ ಹತ್ತು ದಿನಗಳ ನಂತರವೇ ಪ್ರಮಾಣಪತ್ರವು ಊರ್ಜಿತವಾಗುತ್ತದೆ. ಕೇಂದ್ರ ಸರ್ಕಾರವು ಮಾನ್ಯ ಮಾಡಿದ ಕೇಂದ್ರಗಳಲ್ಲಿ ಪಡೆದದ್ದಕ್ಕೆ ಮಾತ್ರ ಬೆಲೆಯಿದೆ. ಮೊದಲು ಹತ್ತು ವರ್ಷಗಳಿಗೆ ಸೀಮಿತವಾಗಿದ್ದ ಅದರ ಅವಧಿಯನ್ನು 2016ರ ಜುಲೈನಿಂದ ಜೀವಮಾನಕ್ಕೆ ವಿಸ್ತರಿಸಲಾಗಿದೆಯಾದ್ದರಿಂದ ಹಳೆಯ ಹಳದಿ ಪುಸ್ತಕವಿದ್ದವರು ಅದನ್ನು ಹುಡುಕಿ ತೆಗೆದರೆ ಸಾಕು. ಮೊಟ್ಟೆಯ ಅಲರ್ಜಿ ಇರುವವರು, ಗರ್ಭಿಣಿಯರು, ಅರವತ್ತು ದಾಟಿದವರು ವೈದ್ಯರ ಸಲಹೆಯಿಲ್ಲದೆ ಮುಂದುವರಿಯಬಾರದು. ಈ ಪತ್ರವನ್ನು ಘಾನಾದವರು ಕೇಳುವುದಕ್ಕಿಂತಲೂ ಕಟ್ಟುನಿಟ್ಟಾಗಿ ಹಿಂದಿರುಗಿದಾಗ ನಮ್ಮವರೇ ಕೇಳುತ್ತಾರೆ. ಭಾರತದಲ್ಲಿ ಹಳದಿ ಜ್ವರವಿಲ್ಲ, ಆದರೆ ಅದನ್ನು ಹರಡಬಲ್ಲ ಸೊಳ್ಳೆ ಧಾರಾಳವಾಗಿದೆ. ಹೀಗಾಗಿ ಪ್ರಮಾಣಪತ್ರವಿಲ್ಲದೆ ಇಳಿದವರನ್ನು ಆರು ದಿನಗಳವರೆಗೆ ಪ್ರತ್ಯೇಕವಾಗಿ ಇರಿಸುವ ಅಧಿಕಾರ ಆರೋಗ್ಯಾಧಿಕಾರಿಗಳಿಗಿದೆ. ಐದು ದಿನದ ಪ್ರವಾಸಕ್ಕೆ ಆರು ದಿನದ ಬಂಧನ! ಇಲ್ಲಿ ಒಂದು ಸಂಗತಿ ಸ್ಮರಣಾರ್ಹ. ಇಂದು ಜಗತ್ತಿನಾದ್ಯಂತ ಬಳಕೆಯಲ್ಲಿರುವ ಈ ಲಸಿಕೆಯ ಮೂಲ ವೈರಾಣು ದೊರೆತದ್ದು 1927ರಲ್ಲಿ, ಅಂದಿನ ಗೋಲ್ಡ್ ಕೋಸ್ಟ್, ಇಂದಿನ ಘಾನಾದ ಅಸಿಬಿ ಎಂಬ ರೋಗಿಯ ರಕ್ತದಲ್ಲಿ. ಅದರ ಮರುವರ್ಷ ಇದೇ ರೋಗದ ಸಂಶೋಧನೆಗೆ ಬಂದ ಜಪಾನಿನ ವಿಜ್ಞಾನಿ ಹಿದೆಯೊ ನೊಗುಚಿ ಅಕ್ರಾದಲ್ಲಿಯೇ ಆ ಜ್ವರಕ್ಕೆ ಬಲಿಯಾದರು. ಅಸಿಬಿಯ ರಕ್ತದ ವೈರಾಣುವಿನಿಂದ ಲಸಿಕೆಯನ್ನು ಸಿದ್ಧಪಡಿಸಿದ ಮ್ಯಾಕ್ಸ್ ಥೈಲರ್ ಅವರಿಗೆ 1951ರಲ್ಲಿ ನೊಬೆಲ್ ಪುರಸ್ಕಾರ ಸಂದಿತು.

ಮಲೇರಿಯಾಕ್ಕೆ ಇಂತಹ ಸುಲಭ ರಕ್ಷಣೆಯಿಲ್ಲ. ವರ್ಷವಿಡೀ ಅಲ್ಲಿ ಅದರ ಭಯವಿದೆ. ಹೊರಡುವ ಮುನ್ನವೇ ವೈದ್ಯರಿಂದ ಮಾತ್ರೆಗಳನ್ನು ಬರೆಸಿಕೊಳ್ಳಬೇಕು.

ಬೆಂಗಳೂರಿನಿಂದ ಅಕ್ರಾಕ್ಕೆ ನೇರ ವಿಮಾನವಿಲ್ಲ. ದುಬೈ ಮೂಲಕ ಹೋಗುವ ದಾರಿ ನಮ್ಮವರಿಗೆ ಪರಿಚಿತ. ಅಲ್ಲಿಯ ಗಡಿಯಾರ ನಮ್ಮದಕ್ಕಿಂತ ಐದೂವರೆ ಗಂಟೆ ಹಿಂದೆ ಇರುವುದರಿಂದ, ಬೆಳಿಗ್ಗೆ ಬೇಗನೆ ಎಚ್ಚರವಾಗುವ ಅತಿಥಿಗೆ ಪೇಟೆ ತೆರೆಯುವುದನ್ನು ಕಾಣುವ ಅವಕಾಶ ತಾನಾಗಿಯೇ ಒದಗುತ್ತದೆ. ಆ ಅವಕಾಶವನ್ನು ಮೊದಲು ಬಳಸಬೇಕಾದುದು ಮಕೋಲಾ ಮಾರುಕಟ್ಟೆಯಲ್ಲಿ. 1924ರಲ್ಲಿ ಸ್ಥಾಪಿತವಾದ ಈ ಪೇಟೆಯನ್ನು ನಡೆಸುವವರು ಬಹುತೇಕ ಮಹಿಳೆಯರು. ಸರಕು ಸರಕಿಗೂ ಒಬ್ಬೊಬ್ಬ ಹಿರಿಯ ಒಡತಿ. ಆಕೆಯನ್ನು ಆ ಸರಕಿನ ರಾಣಿಯೆಂದೇ ಕರೆಯುತ್ತಾರೆ. ಜಗಳಗಳ ತೀರ್ಮಾನವೂ ಆಕೆಯದೇ. 1979ರ ಆಗಸ್ಟ್‌ನಲ್ಲಿ ಸೈನಿಕ ಸರ್ಕಾರವು ಕಳ್ಳದಾಸ್ತಾನಿನ ಆರೋಪ ಹೊರಿಸಿ ಈ ಮಾರುಕಟ್ಟೆಯ ಮುಖ್ಯ ಭಾಗವನ್ನೇ ನೆಲಸಮ ಮಾಡಿತು. ಸರಕು ಅದರಿಂದ ಅಗ್ಗವಾಗಲಿಲ್ಲ. ಮಹಿಳೆಯರು ಮತ್ತೆ ಬಂದು ಕುಳಿತರು. ನಮ್ಮ ಯಶವಂತಪುರದ ಮಂಡಿಯಲ್ಲಿ ಬೆಳೆದವರಿಗೆ ಈ ಪೇಟೆಯ ಲೆಕ್ಕಾಚಾರ ಅರ್ಥವಾಗಲು ಒಂದು ಬೆಳಗ್ಗೆ ಸಾಕು. ಯಾವ ಡಬ್ಬಿಯ ಮೇಲೆ ಯಾವ ದೇಶದ ಹೆಸರಿದೆ, ಸಣ್ಣ ಪೊಟ್ಟಣ ಹೋಗುತ್ತದೆಯೋ ದೊಡ್ಡದೋ, ನಗದೋ ಉದ್ದರಿಯೋ ಎಂಬುದನ್ನು ಅಲ್ಲಿ ಕಣ್ಣಾರೆ ಕಾಣಬಹುದು.

ಯಂತ್ರದ ಬಿಡಿಭಾಗಗಳನ್ನು ತಯಾರಿಸುವವರಿಗೆ ಇನ್ನೊಂದು ದಿನವನ್ನು ಅಬೊಸ್ಸೆ ಒಕಾಯ್‌ನಲ್ಲಿ ಕಳೆಯುವುದು ಅವಶ್ಯ. ಅದನ್ನು ಅಕ್ರಾದ ಜೆ.ಸಿ. ರಸ್ತೆ ಎನ್ನಬಹುದು, ಆದರೆ ವಿಸ್ತಾರ ಅದಕ್ಕಿಂತ ಹೆಚ್ಚು. ವಿದ್ಯುತ್ ಉಪಕರಣಗಳವರು ಗಮನಿಸಬೇಕಾದುದು ಬೇರೆ. ಅಲ್ಲಿಯ ವಿದ್ಯುತ್ತು ನಮ್ಮಂತೆಯೇ 230 ವೋಲ್ಟ್, 50 ಹರ್ಟ್ಸ್. ಸಾಕೆಟ್ಟುಗಳಲ್ಲಿ ಬ್ರಿಟನ್ನಿನ ಚೌಕ ಪಿನ್ನಿನವೂ ಇವೆ, ನಮ್ಮ ದುಂಡು ಪಿನ್ನಿನವೂ ಇವೆ. 2012ರಿಂದ 2016ರವರೆಗಿನ ತೀವ್ರ ವಿದ್ಯುತ್ ಕ್ಷಾಮವು ಅಲ್ಲಿಯ ಆಡುಮಾತಿಗೆ ‘ದುಮ್‌ಸೋ’ ಎಂಬ ಪದವನ್ನೇ ಕೊಟ್ಟಿತು. ಆರಿತು, ಹೊತ್ತಿತು ಎಂಬುದು ಅದರ ಅರ್ಥ. ಲೋಡ್ ಶೆಡ್ಡಿಂಗ್ ಕಾಲವನ್ನು ಕಂಡ ಕರ್ನಾಟಕದ ಇನ್ವರ್ಟರ್ ತಯಾರಕರಿಗೆ ಇದರ ವಿವರಣೆ ಅನಗತ್ಯ. ಭಾನುವಾರ ಅಂಗಡಿಗಳು ಬಹುಪಾಲು ಮುಚ್ಚಿರುತ್ತವೆ. ಆ ದಿನವನ್ನು ಕುಟುಂಬಕ್ಕೆ ಮೀಸಲಿಟ್ಟು ಸುಮಾರು 145 ಕಿಲೋಮೀಟರ್ ದೂರದ ಕೇಪ್ ಕೋಸ್ಟ್ ಕೋಟೆಗೆ ಹೋಗಿಬರಬಹುದು. ಗುಲಾಮರನ್ನು ಹಡಗಿಗೆ ಏರಿಸುತ್ತಿದ್ದ ಆ ಬಾಗಿಲ ಮುಂದೆ ನಿಂತವರಿಗೆ ವ್ಯಾಪಾರ ಎಂಬ ಪದದ ಇನ್ನೊಂದು ಮುಖವೂ ಕಾಣುತ್ತದೆ.

ಇಷ್ಟು ದೂರ ಹೋಗಿ ಸ್ಯಾಂಪಲ್ ತೋರಿಸದೆ ಬರುವುದು ಹಣ ಪೋಲು ಮಾಡಿದಂತಲ್ಲವೇ ಎಂಬ ಆಕ್ಷೇಪಣೆ ಸಹಜವಾಗಿ ಏಳುತ್ತದೆ. ಇದಕ್ಕೆ ಮೂರು ಸಂಗತಿಗಳನ್ನು ಮುಂದಿಡಬಹುದು. ಪ್ರವಾಸಿ ವೀಸಾದ ಮೇಲೆ ವ್ಯವಹಾರ ಕುದುರಿಸುವುದು ಸಲ್ಲದು. ವೀಸಾದ ಪ್ರಚಲಿತ ನಿಯಮಗಳನ್ನು ದೆಹಲಿಯಲ್ಲಿರುವ ಘಾನಾ ಹೈಕಮಿಷನ್‌ನಿಂದಲೇ ತಿಳಿದುಕೊಳ್ಳಬೇಕು. ಎರಡನೆಯದು ಅಲ್ಲಿಯ ಕಾನೂನು. 2013ರ ಹೂಡಿಕೆ ಕಾಯ್ದೆಯು ಮಾರುಕಟ್ಟೆಯ ಚಿಲ್ಲರೆ ವ್ಯಾಪಾರವನ್ನು ಸ್ಥಳೀಯರಿಗೇ ಮೀಸಲಿರಿಸಿ, ವಿದೇಶಿ ವ್ಯಾಪಾರ ಸಂಸ್ಥೆಗಳಿಗೆ ಕನಿಷ್ಠ 10 ಲಕ್ಷ ಡಾಲರ್ ಬಂಡವಾಳದ ಷರತ್ತನ್ನು ವಿಧಿಸಿತು. ಒಂದು ಸಣ್ಣ ಮಳಿಗೆ ತೆರೆದು ನೋಡೋಣ ಎಂದು ಅವಸರದಲ್ಲಿ ಒಪ್ಪಿಕೊಂಡು ಬಂದವರು ಆಮೇಲೆ ಈ ಕಾಯ್ದೆಯನ್ನು ಓದಿದ್ದುಂಟು. ಮೂರನೆಯದೇ ಮುಖ್ಯ: ಹಣ. 2022ರ ಆರಂಭದಲ್ಲಿ ಡಾಲರಿಗೆ ಸುಮಾರು 6 ಇದ್ದ ಸೆಡಿ ಅದೇ ವರ್ಷದ ನವೆಂಬರ್ ವೇಳೆಗೆ 14ನ್ನು ದಾಟಿತು. ಡಿಸೆಂಬರ್‌ನಲ್ಲಿ ಹಣದುಬ್ಬರ ಶೇಕಡಾ 54ನ್ನು ಮುಟ್ಟಿತು. ಸರ್ಕಾರವು ವಿದೇಶಿ ಸಾಲದ ಮರುಪಾವತಿಯನ್ನೇ ನಿಲ್ಲಿಸಿತು. 2025ರಲ್ಲಿ ಅದೇ ಸೆಡಿ 15ರ ಆಸುಪಾಸಿನಿಂದ ಕೆಲವೇ ತಿಂಗಳಲ್ಲಿ 10ರ ಸಮೀಪಕ್ಕೆ ಬಲಗೊಂಡಿತು. ಇಂತಹ ನಾಣ್ಯದ ದೇಶದಲ್ಲಿ, ಕೊಳ್ಳುವವನು ಪ್ರಾಮಾಣಿಕನೇ ಆದರೂ, ತೊಂಬತ್ತು ದಿನದ ಉದ್ದರಿ ಎಂದರೆ ಕೊಡುವವನ ಕುತ್ತಿಗೆಗೆ ಕಟ್ಟಿದ ಕಲ್ಲು. ಹೋಟೆಲಿನ ಮೊಗಸಾಲೆಯಲ್ಲಿ ಚಹಾ ಕುಡಿಯುತ್ತ ಕೈಕುಲುಕಿ ಒಪ್ಪಿದ ಬೇಡಿಕೆಯನ್ನು ಬೆಂಗಳೂರಿಗೆ ಬಂದ ಮೇಲೆ ನಿರಾಕರಿಸಲು ನಮ್ಮವರಿಗೆ ದಾಕ್ಷಿಣ್ಯ ಅಡ್ಡ ಬರುತ್ತದೆ. ಸ್ಯಾಂಪಲ್ಲೇ ಇಲ್ಲದಿದ್ದರೆ ಆ ದಾಕ್ಷಿಣ್ಯದ ಪ್ರಶ್ನೆಯೂ ಏಳದು. ಕಂಡದ್ದನ್ನೆಲ್ಲ ಬರೆದುಕೊಂಡು ಬಂದು, ಬ್ಯಾಂಕಿನವರನ್ನೂ ರಫ್ತು ಸಾಲ ಖಾತರಿ ನಿಗಮದವರನ್ನೂ ವಿಚಾರಿಸಿ, ಎರಡನೆಯ ಭೇಟಿಗೆ ವ್ಯಾಪಾರಿ ವೀಸಾ ಪಡೆದು ಹೋಗಲಿ. ಅಗ್ಗದ ಚಿನ್ನದ ಗಟ್ಟಿಯ ಮಾತೆತ್ತುವವರ ಹತ್ತಿರ ಮಾತ್ರ ಮೊದಲ ಭೇಟಿಯಲ್ಲೂ ಸುಳಿಯಬಾರದು, ಎರಡನೆಯದರಲ್ಲೂ ಸುಳಿಯಬಾರದು.

ಕರ್ನಾಟಕಕ್ಕೆ ಪಶ್ಚಿಮ ಆಫ್ರಿಕಾ ಹೊಸದೇನಲ್ಲ. ಮಂಗಳೂರಿನ ಗೇರುಬೀಜ ಕಾರ್ಖಾನೆಗಳು ಕಚ್ಚಾ ಬೀಜಕ್ಕಾಗಿ ದಶಕಗಳಿಂದ ಆಫ್ರಿಕಾವನ್ನು ಅವಲಂಬಿಸಿವೆ. ಘಾನಾ, ಐವರಿ ಕೋಸ್ಟ್, ಬೆನಿನ್‌ಗಳ ಬೀಜ ಬಾರದಿದ್ದರೆ ಅಲ್ಲಿಯ ಎಷ್ಟೋ ಕಾರ್ಖಾನೆಗಳು ವರ್ಷವಿಡೀ ನಡೆಯಲಾರವು. ಬೆಂಗಳೂರಿನವರು ಅಕ್ರಾಕ್ಕೆ ಹೊರಡುವ ಮುನ್ನ ಒಂದು ದಿನ ಮಂಗಳೂರಿಗೆ ಹೋಗಿ ಆ ಉದ್ಯಮದ ಹಿರಿಯರೊಡನೆ ಮಾತನಾಡಿದರೆ, ಯಾವ ಮಾರ್ಗದರ್ಶಿ ಪುಸ್ತಕದಲ್ಲೂ ಸಿಗದ ವಿಷಯಗಳು ತಿಳಿಯುತ್ತವೆ.

ಅದಕ್ಕಿಂತಲೂ ಹತ್ತಿರದಲ್ಲಿ ಇನ್ನೊಂದು ಮೂಲವಿದೆ. ಯಲಹಂಕ, ಹೆಸರಘಟ್ಟ ರಸ್ತೆ, ಹೆಣ್ಣೂರು ಕಡೆಗಳಲ್ಲಿ ಆಫ್ರಿಕಾದ ನಾನಾ ದೇಶಗಳ ವಿದ್ಯಾರ್ಥಿಗಳು ವಾಸಿಸುತ್ತಾರೆ. ಅವರಿಗೆ ಮನೆ ಬಾಡಿಗೆಗೆ ಕೊಟ್ಟವರಲ್ಲಿ ನಮ್ಮ ವರ್ತಕ ಬಂಧುಗಳೂ ಇದ್ದಾರೆ. ಬಾಡಿಗೆಯನ್ನು ಎಣಿಸಿಕೊಳ್ಳುವುದರಾಚೆಗೆ ಅವರೊಡನೆ ನಾಲ್ಕು ಮಾತನಾಡಿದವರು ಎಷ್ಟು ಮಂದಿ? 2016ರ ಜನವರಿ 31ರಂದು ಹೆಸರಘಟ್ಟ ರಸ್ತೆಯಲ್ಲಿ ಸುಡಾನಿನವನೊಬ್ಬನ ಕಾರಿಗೆ ಸಿಲುಕಿ ಸ್ಥಳೀಯ ಮಹಿಳೆಯೊಬ್ಬರು ಮೃತಪಟ್ಟ ಬಳಿಕ, ಆ ಅಪಘಾತಕ್ಕೆ ಸಂಬಂಧವೇ ಇಲ್ಲದ ತಾಂಜಾನಿಯಾದ ವಿದ್ಯಾರ್ಥಿನಿಯ ಮೇಲೆ ಉದ್ರಿಕ್ತ ಗುಂಪು ಹಲ್ಲೆ ನಡೆಸಿತು. ಆ ಸುದ್ದಿ ಆಫ್ರಿಕಾದ ಪತ್ರಿಕೆಗಳಲ್ಲೂ ಬಂತು. ಅದೇ ವರ್ಷ ಜೂನ್‌ನಲ್ಲಿ ಭಾರತದ ರಾಷ್ಟ್ರಪತಿಯವರು ಅಕ್ರಾದ ಘಾನಾ ವಿಶ್ವವಿದ್ಯಾಲಯದ ಆವರಣದಲ್ಲಿ ಅನಾವರಣ ಮಾಡಿದ ಗಾಂಧೀಜಿಯ ಪ್ರತಿಮೆಯನ್ನು, ಅಲ್ಲಿಯ ಅಧ್ಯಾಪಕರ ಮತ್ತು ವಿದ್ಯಾರ್ಥಿಗಳ ವಿರೋಧದ ನಂತರ 2018ರ ಡಿಸೆಂಬರ್‌ನಲ್ಲಿ ತೆಗೆಯಲಾಯಿತು. ಅವರ ಆಕ್ಷೇಪ ಗಾಂಧೀಜಿಯ ದಕ್ಷಿಣ ಆಫ್ರಿಕಾ ದಿನಗಳ ಬರಹಗಳ ಕುರಿತಾಗಿತ್ತು. ಹೆಸರಘಟ್ಟಕ್ಕೂ ಅದಕ್ಕೂ ಸಂಬಂಧವಿಲ್ಲ. ಆದರೂ ಬೆಂಗಳೂರಿನಿಂದ ಬಂದವನೆಂದು ಹೇಳಿಕೊಳ್ಳುವ ಅತಿಥಿಗೆ ಈ ಎರಡೂ ವಿಷಯಗಳ ಕುರಿತು ಪ್ರಶ್ನೆ ಎದುರಾಗಬಹುದು. ಉತ್ತರವನ್ನು ವಿಮಾನದಲ್ಲಿ ಕುಳಿತು ಹೊಂದಿಸುವುದಕ್ಕಿಂತ, ಬಾಡಿಗೆದಾರ ವಿದ್ಯಾರ್ಥಿಯನ್ನು ಮನೆಗೆ ಊಟಕ್ಕೆ ಕರೆದು ಅವನ ಊರಿನ ಪೇಟೆಯ ಬಗ್ಗೆ ಕೇಳುವುದು ಉತ್ತಮ ಸಿದ್ಧತೆ.

ಸಸ್ಯಾಹಾರಿಗಳ ಕಷ್ಟವನ್ನೂ ಹೇಳಬೇಕು. ಅಲಸಂದೆ ಕಾಳಿನ ಗೊಜ್ಜಿಗೆ ಕರಿದ ಬಾಳೆಕಾಯಿಯನ್ನು ಜೊತೆಮಾಡಿ ಬಡಿಸುವ ‘ರೆಡ್ ರೆಡ್’ ನಮ್ಮ ನಾಲಿಗೆಗೆ ಒಗ್ಗುತ್ತದೆ. ಆದರೆ ಅದರಲ್ಲಿ ಮೀನು ಬೆರೆತಿದೆಯೇ ಎಂದು ಕೇಳಿಯೇ ತಿನ್ನಬೇಕು. ‘ಶಿಟೊ’ ಎಂಬ ಕಪ್ಪು ಖಾರದಲ್ಲಿ ಒಣಮೀನು ಇದ್ದೇ ಇರುತ್ತದೆ. ಸಿಂಧಿ ವರ್ತಕರು ಸುಮಾರು ನೂರು ವರ್ಷದಿಂದ ನೆಲೆಸಿರುವ ನಗರವಾದ್ದರಿಂದ ಭಾರತೀಯ ಊಟಕ್ಕೆ ತೀರಾ ಕೊರತೆಯಿಲ್ಲ. ಹಣ ಕೊಡುವಾಗ, ಕೈಕುಲುಕುವಾಗ ಎಡಗೈ ಮುಂದೆ ಮಾಡಬಾರದೆಂಬ ರಿವಾಜು ಅಲ್ಲಿಯೂ ಇದೆ. ಇದನ್ನು ನಮ್ಮವರಿಗೆ ಕಲಿಸಬೇಕಾಗಿಲ್ಲ.

ಪತ್ನಿ, ಮಕ್ಕಳ ಟಿಕೆಟಿನ ವೆಚ್ಚವನ್ನು ಸಂಸ್ಥೆಯ ಖಾತೆಗೆ ಬರೆಯುವ ಅಭ್ಯಾಸವನ್ನು ಈ ಪ್ರವಾಸದಲ್ಲಿ ಕೈಬಿಡುವುದು ಕ್ಷೇಮ. ರಜೆಯ ಪ್ರವಾಸವೆಂದು ವೀಸಾ ಪಡೆದು, ವ್ಯಾಪಾರದ ಪ್ರವಾಸವೆಂದು ಲೆಕ್ಕ ಬರೆದರೆ ಲೆಕ್ಕಪರಿಶೋಧಕರು ಮೊದಲು ಹಿಡಿಯುವುದು ಅದನ್ನೇ. ಹಿಂದಿರುಗಿದ ಮೇಲೆ ಕೆಲವು ವಾರಗಳೊಳಗೆ ಜ್ವರ ಕಾಣಿಸಿಕೊಂಡರೆ, ಹವೆ ಬದಲಾದದ್ದರಿಂದ ಬಂದದ್ದೆಂದು ಮನೆಯಲ್ಲೇ ಮಾತ್ರೆ ನುಂಗುತ್ತ ಕೂರದೆ, ಆಫ್ರಿಕಾದಿಂದ ಬಂದಿರುವ ಸಂಗತಿಯನ್ನು ವೈದ್ಯರಿಗೆ ಮೊದಲ ಮಾತಿನಲ್ಲೇ ತಿಳಿಸಿ ಅದೇ ದಿನ ರಕ್ತಪರೀಕ್ಷೆ ಮಾಡಿಸಿಕೊಳ್ಳತಕ್ಕದ್ದು.