ಮುದ್ದೆಯ ಸೀಮೆಗೆ ಕೀಟೊ ಉಪವಾಸ ಬೇಕೆ?

ದಿನಕ್ಕೆ ಹದಿನಾರು ಗಂಟೆ ಏನೂ ತಿನ್ನದೆ ಇದ್ದು, ಉಳಿದ ಎಂಟು ಗಂಟೆಯಲ್ಲಿ ಮೊಟ್ಟೆ, ಪನೀರು, ಮಾಂಸ, ತುಪ್ಪ ಮಾತ್ರ ತಿಂದರೆ ತೂಕ ಇಳಿಯುತ್ತದೆ, ಶುಗರ್ ಹತೋಟಿಗೆ ಬರುತ್ತದೆ ಎಂದು ಹೇಳುವ ವಿಡಿಯೊಗಳಿಗೆ ಲೆಕ್ಕವಿಲ್ಲ. ಬೆಂಗಳೂರಿನ ಜಿಮ್ಮಿಗೆ ಹೋಗುವವರು ನೋಡುವುದನ್ನೇ ಶಿರಾ ತಾಲ್ಲೂಕಿನ ಪಟ್ಟನಾಯಕನಹಳ್ಳಿಯ ಅಂಗಡಿ ಜಗಲಿಯಲ್ಲಿ ಕೂತವರೂ ನೋಡಬಹುದು. ಆದರೆ ಇಲ್ಲಿ ಹೊತ್ತು ಕಟ್ಟಿ ಉಣ್ಣುವ ಉಪವಾಸ, ಪಿಷ್ಟ ಬಿಟ್ಟು ಕೊಬ್ಬು ಹೆಚ್ಚು ತಿನ್ನುವ ಕೀಟೊ ಎಂಬ ಎರಡು ಬೇರೆ ಬೇರೆ ಪದ್ಧತಿಗಳನ್ನು ಒಂದೇ ಗಂಟಿಗೆ ಕಟ್ಟಿ ಕೊಡಲಾಗುತ್ತಿದೆ. ಆ ಗಂಟು ಬಿಚ್ಚಿ ನೋಡಿದರೆ, ಊಟದ ಹೊತ್ತನ್ನು ಬಿಗಿ ಮಾಡುವುದು ಶಿರಾ, ಮಧುಗಿರಿ, ಕೊರಟಗೆರೆ, ಪಾವಗಡದ ಜನಕ್ಕೆ ಖರ್ಚಿಲ್ಲದೆ ಒಗ್ಗುವಂಥದ್ದು. ಕೀಟೊ ಇಲ್ಲಿನ ತಟ್ಟೆಗೆ ಒಗ್ಗುವುದಿಲ್ಲ, ಅದರ ಅಗತ್ಯವೂ ಕಾಣುವುದಿಲ್ಲ. ಎರಡೂ ಸೇರಿದಾಗ, ಶುಗರ್ ಮಾತ್ರೆ ನುಂಗುವವರಿಗೆ ಅಪಾಯವೇ ಆಗಬಹುದು.

ಕೀಟೊ ಹುಟ್ಟಿದ್ದು ತೂಕ ಇಳಿಸಲು ಅಲ್ಲ. 1921ರಲ್ಲಿ ಅಮೆರಿಕದ ಮೇಯೊ ಕ್ಲಿನಿಕ್‌ನ ರಸೆಲ್ ವೈಲ್ಡರ್ ಮೂರ್ಛೆರೋಗಕ್ಕೆಂದು ಅದನ್ನು ಸೂಚಿಸಿದರು. ಔಷಧಕ್ಕೆ ಬಗ್ಗದ ಮಕ್ಕಳ ಮೂರ್ಛೆರೋಗಕ್ಕೆ ಇಂದಿಗೂ ಅದನ್ನು ಕೊಡುತ್ತಾರೆ, ಅದೂ ವೈದ್ಯರ ಕಣ್ಗಾವಲಿನಲ್ಲಿ, ತುತ್ತುತುತ್ತನ್ನೂ ತೂಗಿ. ಪಿಷ್ಟ, ಸಕ್ಕರೆ ಎಲ್ಲ ಸೇರಿ ದಿನಕ್ಕೆ 50 ಗ್ರಾಂ ದಾಟಬಾರದು ಎಂಬುದು ಅದರ ಸಾಮಾನ್ಯ ನಿಯಮ. ನೂರು ಗ್ರಾಂ ರಾಗಿ ಹಿಟ್ಟಿನಲ್ಲಿ ಪಿಷ್ಟವೇ ಸುಮಾರು 67 ಗ್ರಾಂ ಇರುತ್ತದೆ. ಅಂದರೆ ಮಧ್ಯಾಹ್ನದ ಒಂದು ಮುದ್ದೆಗೇ ಇಡೀ ದಿನದ ಲೆಕ್ಕ ಮುಗಿದುಹೋಯಿತು. ಮುದ್ದೆ ಬಿಟ್ಟರೂ ಬಚಾವಾಗುವಂತಿಲ್ಲ. ಹುರುಳಿ, ತೊಗರಿ, ಅವರೆಕಾಳುಗಳಲ್ಲೂ ಅರ್ಧದಷ್ಟು ಪಿಷ್ಟವೇ. ಹುರುಳಿ ಬಸ್ಸಾರಿಗೂ ಕೈ ಮುಗಿಯಬೇಕು. ಉಳಿಯುವುದು ಕುರಿ ಮಾಂಸ, ಮೊಟ್ಟೆ ಮತ್ತು ಪಾವಗಡದ ಕಡ್ಲೆಕಾಯಿ. ನೂರು ಗ್ರಾಂ ಕಡ್ಲೆಬೀಜದಲ್ಲಿ 40 ಗ್ರಾಂ ಕೊಬ್ಬು, 25 ಗ್ರಾಂನಷ್ಟು ಪ್ರೋಟೀನು ಇದೆ. ಕುರಿ ಸಾಕುವ ಸೀಮೆಯಲ್ಲೂ ಬಾಡು ಹಬ್ಬಕ್ಕೋ ನೆಂಟರು ಬಂದಾಗಲೋ ಆಗುವ ಅಡುಗೆ. ದಿನಾ ಅದನ್ನೇ ಉಣ್ಣುವ ಶಕ್ತಿ ಎಷ್ಟು ಮನೆಗಳಿಗಿದೆ?

ಕೀಟೊ ಮಾಡಿದವರ ತೂಕ, ಸಕ್ಕರೆ ಎರಡೂ ಇಳಿದದ್ದನ್ನು ಕಣ್ಣಾರೆ ಕಂಡಿದ್ದೇವಲ್ಲ ಎನ್ನುವವರ ಮಾತು ಸುಳ್ಳಲ್ಲ. ಪಿಷ್ಟ ಕಡಿಮೆಯಾದರೆ ರಕ್ತದ ಸಕ್ಕರೆ ಇಳಿದೇ ಇಳಿಯುತ್ತದೆ. ತೂಕದ ಮಾತು ಬೇರೆ. ಮೊದಲ ವಾರಗಳಲ್ಲಿ ಇಳಿಯುವುದರಲ್ಲಿ ದೊಡ್ಡ ಪಾಲು ನೀರು. ವರ್ಷ ಕಳೆದ ಮೇಲಿನ ಲೆಕ್ಕ ನೋಡಬೇಕು. ಅಮೆರಿಕದಲ್ಲಿ 609 ಜನರನ್ನು ಒಂದು ವರ್ಷ ಪರೀಕ್ಷಿಸಿ 2018ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ಪಿಷ್ಟ ಕಡಿಮೆ ಮಾಡಿದವರು ಸರಾಸರಿ 6 ಕೆ.ಜಿ., ಕೊಬ್ಬು ಕಡಿಮೆ ಮಾಡಿದವರು 5.3 ಕೆ.ಜಿ. ಇಳಿದರು; ಗಣನೀಯ ವ್ಯತ್ಯಾಸವಿಲ್ಲ. ಅದು ಕಟ್ಟುನಿಟ್ಟಿನ ಕೀಟೊ ಅಲ್ಲ ಎನ್ನಬಹುದು; ಅಷ್ಟು ಕಟ್ಟುನಿಟ್ಟಾಗಿ ವರ್ಷಗಟ್ಟಲೆ ಉಣ್ಣಲು ಹೆಚ್ಚಿನವರಿಗೆ ಆಗುವುದಿಲ್ಲ ಎಂಬುದೇ ಅದಕ್ಕೆ ಉತ್ತರ. ಹೊತ್ತು ಕಟ್ಟಿ ಉಣ್ಣುವುದರಲ್ಲೂ ಪವಾಡವೇನಿಲ್ಲ. ಚೀನಾದ ಗ್ವಾಂಗ್‌ಝೌನಲ್ಲಿ 139 ಜನರ ಮೇಲೆ ನಡೆದು 2022ರಲ್ಲಿ ಪ್ರಕಟವಾದ ಪರೀಕ್ಷೆಯಲ್ಲಿ, ಅಷ್ಟೇ ಕ್ಯಾಲೊರಿಯನ್ನು ಬೆಳಿಗ್ಗೆ 8ರಿಂದ ಸಂಜೆ 4ರೊಳಗೆ ತಿಂದವರಿಗೂ ಮನಸ್ಸು ಬಂದಾಗ ತಿಂದವರಿಗೂ ಹೇಳಿಕೊಳ್ಳುವ ಅಂತರ ಕಾಣಲಿಲ್ಲ. ಉಪವಾಸದ ಉಪಕಾರ ಇಷ್ಟೇ: ರಾತ್ರಿ ಹತ್ತರ ಊಟ, ನಡುವಿನ ಬಿಸ್ಕತ್ತು, ಸಕ್ಕರೆ ಟೀ ತಾನಾಗಿ ತಪ್ಪುತ್ತವೆ. ಅದೇನು ಸಣ್ಣ ಉಪಕಾರವಲ್ಲ. ದೀಪ ಹಚ್ಚುವ ಹೊತ್ತಿಗೆ ಉಂಡು ಮುಗಿಸುವುದು ಟಿ.ವಿ. ಬರುವ ತನಕ ಹಳ್ಳಿಗಳಲ್ಲಿ ಇದ್ದ ಕ್ರಮವೇ.

ಹಿರಿಯರು ಏಕಾದಶಿ, ಶಿವರಾತ್ರಿ, ಶ್ರಾವಣ ಶನಿವಾರ ಮಾಡುತ್ತಿರಲಿಲ್ಲವೇ ಎಂಬ ಸಮರ್ಥನೆಯೂ ಇದೆ. ಆ ಉಪವಾಸ ಮುರಿಯುವುದು ಬಾಳೆಹಣ್ಣು, ಅವಲಕ್ಕಿ, ಬೆಲ್ಲದಿಂದ. ಕೀಟೊಗೂ ಅದಕ್ಕೂ ಎಣ್ಣೆ ಸೀಗೆಕಾಯಿ ಸಂಬಂಧ. ಹಾಗೆಂದು ಈಗಿನ ತಟ್ಟೆ ಸರಿಯಿದೆ ಎಂದೂ ಹೇಳಲಾಗದು. ಭಾರತೀಯರ ಊಟದ ಕ್ಯಾಲೊರಿಯಲ್ಲಿ ಶೇ 62ರಷ್ಟು ಪಿಷ್ಟ, ಸಕ್ಕರೆಯಿಂದಲೇ ಬರುತ್ತದೆ. ಐಸಿಎಂಆರ್‌ನ ಇಂಡಿಯಾಬ್ ಸಮೀಕ್ಷೆ 2023ರಲ್ಲಿ ಕೊಟ್ಟ ಅಂದಾಜಿನಂತೆ ದೇಶದಲ್ಲಿ 10 ಕೋಟಿಗೂ ಹೆಚ್ಚು ಸಕ್ಕರೆ ಕಾಯಿಲೆಯವರಿದ್ದಾರೆ. ಅದೇ ಸಮೀಕ್ಷೆಯ ಮಾಹಿತಿಯಿಂದ 2022ರಲ್ಲಿ ಸಂಶೋಧಕರು ಹಾಕಿದ ಲೆಕ್ಕ, ಹೊಸದಾಗಿ ಪತ್ತೆಯಾದ ಕಾಯಿಲೆ ಹಿಂದೆ ಸರಿಯಲು ಪಿಷ್ಟದ ಪಾಲು ಶೇ 49–54ಕ್ಕೆ ಇಳಿದು, ಪ್ರೋಟೀನು ಶೇ 20ರ ಹತ್ತಿರ ಬಂದರೆ ಸಾಕು ಎನ್ನುತ್ತದೆ. ಕೀಟೊ ಕೇಳುವ ಶೇ 5–10 ಎಲ್ಲಿ, ಇದೆಲ್ಲಿ! ಎರಡು ಮುದ್ದೆ ಒಂದಾಗಿ, ಮೇಲೆ ಬಡಿಸುವ ಪಡಿತರ ಅಕ್ಕಿಯ ಅನ್ನ ಅರ್ಧವಾಗಿ, ಸಾರಿನಲ್ಲಿ ತಿಳಿಗಿಂತ ಕಾಳು, ಸೊಪ್ಪು ಹೆಚ್ಚಾದರೆ ಆ ದಿಕ್ಕಿಗೆ ಹೊರಟಂತೆಯೇ. ಮೈದುಡಿಮೆಯೂ ಎಲ್ಲೆಡೆ ಮೊದಲಿನಂತಿಲ್ಲ: ಪಾವಗಡದಲ್ಲಿ ಸೋಲಾರ್ ಪಾರ್ಕ್‌ಗೆ ಸುಮಾರು 13 ಸಾವಿರ ಎಕರೆ ಗುತ್ತಿಗೆಗೆ ಹೋದ ಮೇಲೆ ಆ ನೆಲದಲ್ಲಿ ಉಳುವ, ಕಳೆ ಕೀಳುವ ಕೆಲಸ ನಿಂತಿತು. ಮೈಮುರಿದು ದುಡಿವವರ ಅಳತೆಯ ಮುದ್ದೆಯನ್ನು ಕೂತುಣ್ಣುವವರೂ ಉಣ್ಣಬೇಕೆಂದೇನಿಲ್ಲ.

ಇನ್ನು ಮಾತ್ರೆಯ ವಿಚಾರ. ಗ್ಲಿಮೆಪಿರೈಡ್ ನುಂಗಿ ಅಥವಾ ಇನ್ಸುಲಿನ್ ಚುಚ್ಚಿಕೊಂಡು ಹದಿನಾರು ಗಂಟೆ ಉಪವಾಸವಿದ್ದರೆ ಸಕ್ಕರೆ ಕುಸಿದು ಬವಳಿ ಬಂದು ಬೀಳಬಹುದು. ಡಪಾಗ್ಲಿಫ್ಲೋಜಿನ್ ಗುಂಪಿನ ಮಾತ್ರೆಯದು ಇನ್ನೂ ಕಳ್ಳ ಅಪಾಯ: ಉಪವಾಸವೂ ಕೀಟೊವೂ ಸೇರಿದಾಗ ರಕ್ತ ಆಮ್ಲೀಯವಾಗುವ ಸಾಧ್ಯತೆ ಹೆಚ್ಚುತ್ತದೆ, ಆದರೆ ಮನೆಯ ಗ್ಲೂಕೋಮೀಟರ್ ಹೆಚ್ಚುಕಡಿಮೆ ಸರಿಯಾದ ಅಂಕಿಯನ್ನೇ ತೋರಿಸುತ್ತಿರುತ್ತದೆ. ಈ ಔಷಧಗಳ ಬಗ್ಗೆ ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ 2015ರಲ್ಲೇ ಎಚ್ಚರಿಸಿದೆ. ಭಾರತದಲ್ಲಿ 2020ರಲ್ಲಿ ಪೇಟೆಂಟ್ ಮುಗಿದ ಮೇಲೆ ಡಪಾಗ್ಲಿಫ್ಲೋಜಿನ್ ಅಗ್ಗವಾಗಿ ಎಲ್ಲೆಡೆ ಸಿಗುತ್ತಿದೆ. ರಂಜಾನ್ ಆಚರಿಸುವವರಿರುವ ಶಿರಾದಂಥ ಊರಿಗೆ ಮುಂಜಾಗ್ರತೆಯ ಮಾದರಿಯನ್ನು ದೂರ ಹುಡುಕಬೇಕಾಗಿಲ್ಲ. ರಂಜಾನ್ ಉಪವಾಸ ಹಿಡಿಯುವ ಸಕ್ಕರೆ ಕಾಯಿಲೆಯವರು ಆರೆಂಟು ವಾರ ಮೊದಲೇ ವೈದ್ಯರನ್ನು ಕಂಡು ಮಾತ್ರೆಯ ಹೊತ್ತು, ಪ್ರಮಾಣ ಬದಲಿಸಿಕೊಳ್ಳಬೇಕೆಂದು ಅಂತರರಾಷ್ಟ್ರೀಯ ಮಧುಮೇಹ ಒಕ್ಕೂಟದ ಮಾರ್ಗಸೂಚಿಯೇ ಇದೆ. ತಿಂಗಳ ಮಟ್ಟಿಗಿನ ವ್ರತಕ್ಕೆ ಇಷ್ಟು ಮುಂಜಾಗ್ರತೆ ಬೇಕಾದರೆ, ವಿಡಿಯೊ ನೋಡಿ ಗಡುವಿಲ್ಲದೆ ಹಿಡಿದ ವ್ರತಕ್ಕೆ ಒಂದು ಒಪಿಡಿ ಚೀಟಿಯಾದರೂ ಬೇಡವೇ?